ಮನೆಗೆ ಮರಳಿದ ಹತ್ತನೆಯ ನಂಬರಿನವನು

ನಮ್ಮ ಊರುಗಳ ಟೆಂಟ್ ಸಿನಿಮಾಗಳಲ್ಲಿ ನಾಯಕನಟ ತೆರೆಯ ಮೇಲೆ ಕಾಣಿಸಿಕೊಂಡ ಕೂಡಲೇ ಶಿಳ್ಳೆ ಬೀಳುತ್ತಿತ್ತು. ಶಿಳ್ಳೆಯೆಂದರೆ ನಮ್ಮಲ್ಲಿ ಮೆಚ್ಚುಗೆ. ಯುರೋಪಿನ ಎಷ್ಟೋ ದೇಶಗಳಲ್ಲಿ ಮಾತ್ರ ಇದು ತಿರುವುಮುರುವು. ಅಲ್ಲಿ ಆಟದ ಮೈದಾನದಲ್ಲಿ ಶಿಳ್ಳೆ ಹಾಕಿದರೆ ಅದು ತಿರಸ್ಕಾರ. ನೀನು ನಮಗೆ ಬೇಡ, ಹೊರಗೆ ನಡೆ ಎಂಬ ಅರ್ಥ.

1977ರ ಅಕ್ಟೋಬರ್ 29ರಂದು ಪೋಲೆಂಡಿನ ಖೋಜುವ್ ಎಂಬ ಊರಿನ ದೊಡ್ಡ ಕ್ರೀಡಾಂಗಣದಲ್ಲಿ ಅಂಥ ಶಿಳ್ಳೆ ಕೇಳಿಬಂತು. ಪೋರ್ಚುಗಲ್ ವಿರುದ್ಧ ವಿಶ್ವಕಪ್ ಅರ್ಹತೆಯ ಪಂದ್ಯ. ಪ್ರೇಕ್ಷಕರು ಶಿಳ್ಳೆ ಹಾಕಿದ್ದು ಎದುರಾಳಿ ತಂಡಕ್ಕಲ್ಲ, ತಮ್ಮದೇ ದೇಶದ ನಾಯಕನಿಗೆ. ಆತ ಮೂಲೆಗೆ ಹೋಗಿ ಚೆಂಡನ್ನು ಇಟ್ಟು ಕಾರ್ನರ್ ಕಿಕ್ ಹೊಡೆದ. ಚೆಂಡು ಗಾಳಿಯಲ್ಲಿ ಬಾಗಿ, ಯಾರ ತಲೆಗೂ ಕಾಲಿಗೂ ತಾಗದೆ, ನೇರವಾಗಿ ಗೋಲಿನೊಳಗೆ ಬಿತ್ತು. ಫುಟ್ಬಾಲಿನಲ್ಲಿ ಇಂಥ ಗೋಲು ಬಹಳ ಅಪರೂಪ. ಪಂದ್ಯ 1-1ರಲ್ಲಿ ಸಮವಾಯಿತು, ಪೋಲೆಂಡ್ ವಿಶ್ವಕಪ್ಪಿಗೆ ಅರ್ಹತೆ ಪಡೆಯಿತು. ಆದರೂ ಶಿಳ್ಳೆ ನಿಲ್ಲಲಿಲ್ಲ.

ಆ ನಾಯಕನ ಹೆಸರು ಕಾಜಿಮಿಯೆಷ್ ಡೇನಾ. ಕಾಜಿಮಿಯೆಷ್ ಎಂದರೆ ಬೇರೆ ಯಾರೂ ಅಲ್ಲ, ಮಾರ್ಚ್ 4ರಂದು ನಾವು ಹಬ್ಬ ಆಚರಿಸುವ ಸಂತ ಕ್ಯಾಸಿಮಿರ್. ಪೋಲೆಂಡಿನ ರಾಜಕುಮಾರನಾಗಿ ಹುಟ್ಟಿ, ಆ ದೇಶದ ಪಾಲಕ ಸಂತರಲ್ಲಿ ಒಬ್ಬರಾದವರು. ಗೆಳೆಯರು ಡೇನಾನನ್ನು ಕರೆಯುತ್ತಿದ್ದುದು ಕಾಕಾ ಎಂದು. ನಮ್ಮ ಧಾರವಾಡ, ಬೆಳಗಾವಿ ಕಡೆಯವರಿಗೆ ಈ ಹೆಸರು ಕೇಳಿದರೆ ಮನೆಯ ಚಿಕ್ಕಪ್ಪನೇ ನೆನಪಿಗೆ ಬಂದಾನು.

ಡೇನಾ ಹುಟ್ಟಿದ್ದು 1947ರ ಅಕ್ಟೋಬರ್ 23ರಂದು, ಗ್ಡಾನ್ಸ್ಕ್ ಬಂದರಿನ ದಕ್ಷಿಣಕ್ಕಿರುವ ಸ್ಟಾರೋಗಾರ್ಡ್ ಎಂಬ ಪಟ್ಟಣದಲ್ಲಿ. ಯುದ್ಧ ಮುಗಿದು ಎರಡೇ ವರ್ಷವಾಗಿತ್ತು. ಆ ಪಟ್ಟಣದ ಹತ್ತಿರ ಷ್ಪೆಂಗಾಫ್ಸ್ಕ್ ಎಂಬ ಕಾಡಿದೆ. 1939ರ ಶರತ್ಕಾಲದಲ್ಲಿ ಜರ್ಮನರು ಅಲ್ಲಿಗೆ ಲಾರಿಗಳಲ್ಲಿ ಜನರನ್ನು ಕರೆದೊಯ್ದು ಗುಂಡಿಕ್ಕಿ ಹೂತರು. ಸತ್ತವರು ಸಾವಿರಾರು ಮಂದಿ. ಶಾಲಾ ಮಾಸ್ತರರು, ಮನೋರೋಗಿಗಳು, ಆ ಸುತ್ತಿನ ಧರ್ಮಕೇಂದ್ರಗಳ ಅನೇಕ ಗುರುಗಳು ಅವರಲ್ಲಿದ್ದರು. ಡೇನಾನ ತಲೆಮಾರಿನ ಮಕ್ಕಳು ಆಡಿ ಬೆಳೆದದ್ದು ಇಂಥ ನೆಲದಲ್ಲಿ. ಈ ಸಂಗತಿಯನ್ನು ಓದುಗರು ನೆನಪಿನಲ್ಲಿಟ್ಟುಕೊಳ್ಳಬೇಕು. ಆತ ನಟಿಸಿದ ಚಲನಚಿತ್ರದ ಮಾತು ಬಂದಾಗ ಇದು ಮತ್ತೆ ಬೇಕಾಗುತ್ತದೆ.

ಊರಿನ ಕ್ಲಬ್ಬಿನಲ್ಲಿ ಆಡುತ್ತಿದ್ದ ಹುಡುಗನನ್ನು 1966ರಲ್ಲಿ ವುಜ್ ನಗರದ ಕ್ಲಬ್ ಕರೆಸಿಕೊಂಡಿತು. ಅಲ್ಲಿ ಅವನು ಒಂದೇ ಒಂದು ಲೀಗ್ ಪಂದ್ಯ ಆಡಿದ್ದ. ಅಷ್ಟರಲ್ಲಿ ಸೈನ್ಯದ ಕರೆ ಬಂತು. ಕಮ್ಯುನಿಸ್ಟ್ ಆಳ್ವಿಕೆಯ ಪೋಲೆಂಡಿನಲ್ಲಿ ಸೈನ್ಯಕ್ಕೆ ತನ್ನದೇ ಫುಟ್ಬಾಲ್ ತಂಡವಿತ್ತು, ರಾಜಧಾನಿ ವಾರ್ಸಾದ ಲೆಗಿಯಾ. ಚೆನ್ನಾಗಿ ಆಡುವ ಹುಡುಗರಿಗೆ ಕಡ್ಡಾಯ ಸೇವೆಯ ಚೀಟಿ ಹೋಗುತ್ತಿತ್ತು. ಬಂದೂಕಿನ ಬದಲು ಕೈಗೆ ಬೂಟು ಸಿಗುತ್ತಿತ್ತು. ಹೀಗೆ ತೆಗೆದುಕೊಂಡು ಹೋದ ತಂಡವೆಂದು ಲೆಗಿಯಾದ ಮೇಲೆ ಉಳಿದ ಊರಿನವರಿಗೆಲ್ಲ ಒಳಗೊಳಗೇ ಸಿಟ್ಟು. ಹುಡುಗನದೇನೂ ತಪ್ಪಿಲ್ಲ. ಆದರೂ ಆ ಸಿಟ್ಟು ಹನ್ನೊಂದು ವರ್ಷಗಳ ನಂತರ ಅವನ ತಲೆಯ ಮೇಲೆಯೇ ಬಿತ್ತು.

ಡೇನಾ ವೇಗವಾಗಿ ಓಡುವ ಆಟಗಾರನಾಗಿರಲಿಲ್ಲ. ಮೈದಾನದ ನಡುವೆ ನಿಂತು, ಉಳಿದವರಿಗಿಂತ ಒಂದು ಕ್ಷಣ ಮುಂಚೆಯೇ ಎಲ್ಲಿ ಜಾಗ ಬರಿದಾಗಲಿದೆ ಎಂಬುದನ್ನು ಕಂಡು, ಅಲ್ಲಿಗೆ ಚೆಂಡನ್ನು ಕಳಿಸುತ್ತಿದ್ದ. ಅವನು ಒದ್ದ ಚೆಂಡು ನೇರ ಹೋಗದೆ ಬಾಗಿ ಹೋಗುತ್ತಿತ್ತು. ಪೋಲೆಂಡಿನವರು ಆ ಒದೆತಕ್ಕೆ ರೊಗಾಲ್ ಎಂದು ಹೆಸರಿಟ್ಟರು. ಅದು ಅವರ ಬೇಕರಿಗಳಲ್ಲಿ ಸಿಗುವ ಅರ್ಧಚಂದ್ರಾಕಾರದ ರೊಟ್ಟಿ. ನಮ್ಮ ಮನೆಯ ಕರ್ಜಿಕಾಯಿಯ ಅಂಚನ್ನು ನೋಡಿದರೆ ಆ ಬಾಗು ತಿಳಿಯುತ್ತದೆ. ಮಾತು ಕಡಿಮೆ, ನಾಚಿಕೆಯ ಸ್ವಭಾವ. 1969 ಮತ್ತು 1970ರಲ್ಲಿ ಲೆಗಿಯಾ ದೇಶದ ಚಾಂಪಿಯನ್ ಆಯಿತು. 1970ರಲ್ಲಿ ಯುರೋಪಿಯನ್ ಕಪ್ಪಿನ ಸೆಮಿಫೈನಲ್ ತನಕ ಹೋಯಿತು.

ದೇಶದ ತಂಡವನ್ನು ಕಟ್ಟಿದವರು ಕಾಜಿಮಿಯೆಷ್ ಗುರ್‌ಸ್ಕಿ ಎಂಬ ತರಬೇತುದಾರರು. ಇವರ ಹೆಸರೂ ಆ ಸಂತರದೇ. 1972ರ ಮ್ಯೂನಿಕ್ ಒಲಿಂಪಿಕ್ಸ್‌ನ ಫೈನಲ್ಲಿನಲ್ಲಿ ಹಂಗೇರಿ ಮೊದಲು ಗೋಲು ಹೊಡೆಯಿತು. ವಿರಾಮದ ನಂತರ ಡೇನಾ ಒಬ್ಬನೇ ಎರಡು ಗೋಲು ಹೊಡೆದು 2-1ರಿಂದ ಚಿನ್ನವನ್ನು ಗೆದ್ದುಕೊಟ್ಟ. ಆ ಒಲಿಂಪಿಕ್ಸ್‌ನಲ್ಲಿ ಅವನು ಹೊಡೆದ ಒಟ್ಟು ಗೋಲು 9, ಎಲ್ಲರಿಗಿಂತ ಹೆಚ್ಚು.

ಮರುವರ್ಷ ಇಂಗ್ಲೆಂಡಿನ ಸರದಿ. 1973ರ ಜೂನ್ 6ರಂದು, ಮೇಲೆ ಹೇಳಿದ ಅದೇ ಖೋಜುವ್ ಮೈದಾನದಲ್ಲಿ ಪೋಲೆಂಡ್ 2-0ರಿಂದ ಗೆದ್ದಿತು. ಇಂಗ್ಲೆಂಡಿಗೆ 1966ರ ವಿಶ್ವಕಪ್ ಗೆದ್ದುಕೊಟ್ಟ ನಾಯಕ ಬಾಬಿ ಮೂರ್ ಅಂದು ಕಾಲಲ್ಲಿದ್ದ ಚೆಂಡನ್ನು ಕಳೆದುಕೊಂಡು ಎರಡನೆಯ ಗೋಲಿಗೆ ಕಾರಣನಾದ. ಅಕ್ಟೋಬರ್ 17ರಂದು ಲಂಡನ್ನಿನ ವೆಂಬ್ಲಿಯಲ್ಲಿ ಮರುಪಂದ್ಯ ನಡೆದಾಗ ಮೂರ್‌ನನ್ನು ಆಡಿಸದೆ ಬೆಂಚಿನ ಮೇಲೆ ಕೂರಿಸಿದ್ದರು. ಇಂಗ್ಲೆಂಡ್ ಅಲೆಯಂತೆ ನುಗ್ಗಿ ಬಂದರೂ ಗೋಲಿ ತೊಮಾಷೆವ್‌ಸ್ಕಿ ಗೋಡೆಯಂತೆ ನಿಂತ. ಆಟ 1-1ರಲ್ಲಿ ಮುಗಿದು ಇಂಗ್ಲೆಂಡ್ ವಿಶ್ವಕಪ್ಪಿನಿಂದಲೇ ಹೊರಗೆ ಬಿತ್ತು.

1974ರ ವಿಶ್ವಕಪ್ ನಡೆದದ್ದು ಪಶ್ಚಿಮ ಜರ್ಮನಿಯಲ್ಲಿ. ಡೇನಾ ನಾಯಕ. ಅರ್ಜೆಂಟೀನಾ, ಹೈಟಿ, ಇಟಲಿ, ಸ್ವೀಡನ್, ಯುಗೊಸ್ಲಾವಿಯ ಒಂದರ ನಂತರ ಒಂದು ಸೋತವು. ಫ್ರಾಂಕ್‌ಫರ್ಟಿನಲ್ಲಿ ಮಳೆ ಸುರಿದು ಗದ್ದೆಯಂತಾಗಿದ್ದ ಮೈದಾನದಲ್ಲಿ ಜರ್ಮನಿಯ ಎದುರು ಮಾತ್ರ 0-1ರಿಂದ ಸೋಲಬೇಕಾಯಿತು. ಕೊನೆಗೆ ಬ್ರೆಜಿಲನ್ನು ಸೋಲಿಸಿ ಮೂರನೆಯ ಸ್ಥಾನ. ಆ ವರ್ಷ ಯುರೋಪಿನ ಶ್ರೇಷ್ಠ ಆಟಗಾರನ ಆಯ್ಕೆಯಲ್ಲಿ ಕ್ರಾಯ್ಫ್ ಮೊದಲನೆಯವನು, ಬೆಕೆನ್‌ಬೌರ್ ಎರಡನೆಯವನು, ಡೇನಾ ಮೂರನೆಯವನು. ಆ ಇಬ್ಬರ ಹೆಸರು ನಮ್ಮ ಮಕ್ಕಳಿಗೂ ಗೊತ್ತು. ಮೂರನೆಯವನ ಹೆಸರು ನಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತು?

ಒಂದು ಕಾರಣ ಸ್ಪಷ್ಟವಾಗಿದೆ. ಪಶ್ಚಿಮದ ದೊಡ್ಡ ಕ್ಲಬ್‌ಗಳಿಗೆ ಅವನ ಮೇಲೆ ಕಣ್ಣಿತ್ತು. ಆದರೆ ಮೂವತ್ತು ದಾಟುವವರೆಗೆ ಆಟಗಾರರನ್ನು ಹೊರದೇಶಕ್ಕೆ ಬಿಡುವ ಪದ್ಧತಿ ಆ ಸರ್ಕಾರಕ್ಕಿರಲಿಲ್ಲ. ಅದರಲ್ಲೂ ಸೈನ್ಯದ ಆಟಗಾರನನ್ನು ಬಿಟ್ಟಾರೆಯೇ? ಆಟಗಾರನ ಬಾಳಿನಲ್ಲಿ ಇಪ್ಪತ್ತೈದರಿಂದ ಮೂವತ್ತರ ನಡುವೆ ಇರುವ ಹರಯ ಮತ್ತೆ ಬಾರದು. ಡೇನಾನ ಆ ವರ್ಷಗಳು ಬೇಲಿಯೊಳಗೇ ಕಳೆದವು.

ಇನ್ನು ಖೋಜುವ್‌ನ ಶಿಳ್ಳೆಯ ವಿಚಾರ. ಖೋಜುವ್ ಇರುವುದು ಸಿಲೇಸಿಯ ಪ್ರಾಂತದಲ್ಲಿ. ಅದು ಕಲ್ಲಿದ್ದಲ ಗಣಿಗಳ ನಾಡು, ಬೆವರು ಸುರಿಸಿ ದುಡಿಯುವವರ ನಾಡು. ಅಲ್ಲಿಯ ಕ್ಲಬ್‌ಗಳಿಗೆ ರಾಜಧಾನಿಯ ಸೈನ್ಯದ ತಂಡವೆಂದರೆ ಆಗದು. ದೇಶದ ತಂಡದಲ್ಲಿ ತಮ್ಮ ಕಡೆಯ ಹುಡುಗರಿರಬೇಕಾದ ಜಾಗದಲ್ಲಿ ಈ ವಾರ್ಸಾದವನು ಯಾಕೆ ಎಂಬುದು ಅವರ ದೂರು. ಸೈನ್ಯದ ಮೇಲೆ, ಸರ್ಕಾರದ ಮೇಲೆ ಬಾಯಿಬಿಟ್ಟು ಕೂಗಲು ಆಗದ ಕಾಲ ಅದು. ಆಟಗಾರನ ಮೇಲೆ ಕೂಗಬಹುದಿತ್ತು. ಇದು ನನ್ನ ಊಹೆ ಮಾತ್ರ, ಆದರೆ ತೀರ ತಪ್ಪಿರಲಾರದು ಎನಿಸುತ್ತದೆ. ಮಾತು ಕಡಿಮೆಯ ಮನುಷ್ಯ ಇಂಥ ಪೆಟ್ಟನ್ನು ಒಳಗೇ ಇಟ್ಟುಕೊಳ್ಳುತ್ತಾನೆ, ಅದು ಬೇರೆ ಸಂಗತಿ.

ಮರುವರ್ಷ ಅರ್ಜೆಂಟೀನಾದಲ್ಲಿ ವಿಶ್ವಕಪ್. 1978ರ ಜೂನ್ 14ರಂದು ರೊಸಾರಿಯೊ ನಗರದಲ್ಲಿ ಪೋಲೆಂಡಿನ ಎದುರಾಳಿ ಆತಿಥೇಯ ದೇಶವೇ. ಅಂದು ಡೇನಾ ದೇಶಕ್ಕಾಗಿ ಆಡುತ್ತಿದ್ದುದು ನೂರನೆಯ ಪಂದ್ಯವೆಂದು ಪೋಲೆಂಡಿನವರ ಲೆಕ್ಕ. ಅರ್ಜೆಂಟೀನಾ ಒಂದು ಗೋಲು ಮುಂದಿತ್ತು. ಪೋಲೆಂಡಿನವರು ಹೊಡೆದ ಚೆಂಡು ಇನ್ನೇನು ಗೋಲಿನೊಳಗೆ ಹೋಗಬೇಕು, ಅಷ್ಟರಲ್ಲಿ ಕೆಂಪೆಸ್ ಎಂಬ ಆಟಗಾರ ಗೆರೆಯ ಮೇಲೆ ನಿಂತು ಅದನ್ನು ಕೈಯಿಂದಲೇ ತಳ್ಳಿಬಿಟ್ಟ. ಇಂದಾಗಿದ್ದರೆ ಕೆಂಪು ಚೀಟಿ ಕಂಡು ಮನೆಗೆ ಹೋಗುತ್ತಿದ್ದ. ಅಂದಿನ ನಿಯಮ ಬೇರೆ. ಪೆನಾಲ್ಟಿ ಸಿಕ್ಕಿತು. ಒದೆಯಲು ಬಂದವನು ಡೇನಾ. ಒದೆತದಲ್ಲಿ ಬಲವಿರಲಿಲ್ಲ. ಗೋಲಿ ಫಿಲ್ಯೋಲ್ ಹಾರಿ ತಡೆದ. ಆಮೇಲೆ ಅದೇ ಕೆಂಪೆಸ್ ಇನ್ನೊಂದು ಗೋಲು ಹೊಡೆದು 2-0 ಮಾಡಿದ. ನೂರು ಪಂದ್ಯ ಆಡಿದವನನ್ನು ಜನ ಒಂದು ಒದೆತದಿಂದ ಅಳೆದರು. ದೇಶದ ತಂಡದಲ್ಲಿ ಅವನ ಕಾಲ ಆ ವಿಶ್ವಕಪ್ಪಿನೊಂದಿಗೇ ಮುಗಿಯಿತು.

ಅದೇ ವರ್ಷದ ಅಕ್ಟೋಬರ್ 16ರಂದು ಕ್ರಾಕೊವ್‌ನ ಕಾರ್ಡಿನಲ್ ವೊಯ್ತಿವಾ ಅವರು ಎರಡನೆಯ ಜಾನ್ ಪಾಲ್ ಎಂಬ ಹೆಸರಿನಲ್ಲಿ ಜಗದ್ಗುರುಗಳಾಗಿ ಆಯ್ಕೆಯಾದರು. ಹುಡುಗನಾಗಿದ್ದಾಗ ವಾದೊವಿತ್ಸೆಯ ಬೀದಿಯಲ್ಲಿ ಅವರೂ ಫುಟ್ಬಾಲ್ ಆಡಿದವರೇ, ನಿಲ್ಲುತ್ತಿದ್ದುದು ಗೋಲಿನಲ್ಲಿ. ಇಡೀ ಪೋಲೆಂಡ್ ಸಂಭ್ರಮದಲ್ಲಿ ತೇಲುತ್ತಿತ್ತು. ಮರುತಿಂಗಳು ಡೇನಾ ಸದ್ದಿಲ್ಲದೆ ದೇಶ ಬಿಟ್ಟ. ವಯಸ್ಸು 31 ಆಗಿತ್ತು, ಕೊನೆಗೂ ಅಪ್ಪಣೆ ಸಿಕ್ಕಿತ್ತು.

ಹೋದದ್ದು ಇಂಗ್ಲೆಂಡಿನ ಮ್ಯಾಂಚೆಸ್ಟರ್ ಸಿಟಿ ಕ್ಲಬ್ಬಿಗೆ. ಅವನ ಬೆಲೆಯನ್ನು ಬರೀ ಹಣದಲ್ಲಿ ಕೊಡಲಿಲ್ಲ. ಒಂದು ಭಾಗವನ್ನು ಸಾಮಾನಿನ ರೂಪದಲ್ಲಿ ಕೊಟ್ಟರು. ಕಚೇರಿಯಲ್ಲಿ ಪ್ರತಿ ತೆಗೆಯುವ ಯಂತ್ರಗಳು, ಆಸ್ಪತ್ರೆಯ ಉಪಕರಣಗಳು ಆ ಸಾಮಾನಿನಲ್ಲಿದ್ದವು. ಒಲಿಂಪಿಕ್ ಚಿನ್ನ ಗೆದ್ದವನ ಬದಲಿಗೆ ಜೆರಾಕ್ಸ್ ಯಂತ್ರ! ನಗು ಬರುತ್ತದೆ, ಆದರೆ ಅಂದಿನ ಪೋಲೆಂಡಿನಲ್ಲಿ ಆ ಸಾಮಾನು ದುಡ್ಡು ಕೊಟ್ಟರೂ ಸಿಗುತ್ತಿರಲಿಲ್ಲ. ಇಂಗ್ಲೆಂಡಿನಲ್ಲಿ ಅವನಿಗೆ ಭಾಷೆ ಹತ್ತಲಿಲ್ಲ, ಗಾಯಗಳು ಕಾಡಿದವು. 38 ಲೀಗ್ ಪಂದ್ಯ, 12 ಗೋಲು. ಆದರೂ ಅಲ್ಲಿಯ ಅಭಿಮಾನಿಗಳಿಗೆ ಅವನನ್ನು ಕಂಡರೆ ಪ್ರೀತಿ.

ಚಲನಚಿತ್ರದ ಅವಕಾಶ ಬಂದದ್ದು ಈ ಹೊತ್ತಿನಲ್ಲಿ. ಹಾಲಿವುಡ್ಡಿನ ಹಿರಿಯ ನಿರ್ದೇಶಕ ಜಾನ್ ಹ್ಯೂಸ್ಟನ್ 1980ರಲ್ಲಿ ‘ಎಸ್ಕೇಪ್ ಟು ವಿಕ್ಟರಿ’ ಎಂಬ ಚಿತ್ರ ತೆಗೆಯಲು ಹೊರಟಿದ್ದರು. ಎರಡನೆಯ ಮಹಾಯುದ್ಧದಲ್ಲಿ ಸೆರೆಸಿಕ್ಕ ಸೈನಿಕರು ಜರ್ಮನ್ ತಂಡದ ಎದುರು ಫುಟ್ಬಾಲ್ ಆಡುವ ಕಥೆ. ಮೈಕೆಲ್ ಕೇನ್, ಸಿಲ್ವೆಸ್ಟರ್ ಸ್ಟಲೋನ್ ಮುಖ್ಯ ನಟರು. ಆಟ ಆಟದಂತೆಯೇ ಕಾಣಬೇಕೆಂದು ಉಳಿದ ಪಾತ್ರಗಳಿಗೆ ನಿಜವಾದ ಆಟಗಾರರನ್ನೇ ಕರೆಸಿದರು. ಚಿತ್ರೀಕರಣ ನಡೆದದ್ದು ಹಂಗೇರಿಯ ಬುಡಾಪೆಸ್ಟ್‌ನಲ್ಲಿ. ಎಂಟು ವರ್ಷಗಳ ಹಿಂದೆ ಡೇನಾನಿಂದಾಗಿ ಒಲಿಂಪಿಕ್ ಚಿನ್ನ ಕಳೆದುಕೊಂಡ ದೇಶವೇ ಅದು.

ಈ ಚಿತ್ರವನ್ನು ವಿಡಿಯೋ ಕ್ಯಾಸೆಟ್ಟಿನಲ್ಲೋ ಟಿ.ವಿ.ಯಲ್ಲೋ ಕಂಡ ಓದುಗರು ಇರಬಹುದು. ಕಂಡವರಿಗೆ ಪೆಲೆ ಹಿಮ್ಮುಖವಾಗಿ ಗಾಳಿಯಲ್ಲಿ ಮಗುಚಿ ಹೊಡೆದ ಗೋಲು ನೆನಪಿರುತ್ತದೆ, ಸ್ಟಲೋನ್ ಕೊನೆಯಲ್ಲಿ ಪೆನಾಲ್ಟಿ ತಡೆದದ್ದು ನೆನಪಿರುತ್ತದೆ. ಪೌಲ್ ವೋಲ್ಚೆಕ್ ಎಂಬ ಪೋಲಿಷ್ ಸೆರೆಯಾಳು ನೆನಪಿರುವುದು ಅನುಮಾನ. ಅದೇ ಡೇನಾ. ಮಾತು ಇಲ್ಲವೆನ್ನುವಷ್ಟು ಕಡಿಮೆ. ಮುಖದಲ್ಲಿ ಮಾತ್ರ ಏನೋ ಒಂದು ದೂರದ ನೋಟ.

ಇನ್ನೊಮ್ಮೆ ನೋಡುವುದಾದರೆ ಆ ತಂಡದಲ್ಲಿ ಯಾರ ಪಕ್ಕದಲ್ಲಿ ಯಾರು ನಿಂತಿದ್ದಾರೆ ಎಂಬುದನ್ನು ಗಮನಿಸಿ. ಬಾಬಿ ಮೂರ್ ಇದ್ದಾನೆ. ಖೋಜುವ್‌ನಲ್ಲಿ ಚೆಂಡು ಕಳೆದುಕೊಂಡು, ವೆಂಬ್ಲಿಯಲ್ಲಿ ಬೆಂಚಿನ ಮೇಲೆ ಕುಳಿತು ಪೋಲೆಂಡಿನವರು ಸಂಭ್ರಮಿಸುವುದನ್ನು ನೋಡಿದವನು. ಓಸ್ವಾಲ್ಡೊ ಆರ್ಡಿಲೆಸ್ ಇದ್ದಾನೆ. ರೊಸಾರಿಯೊದಲ್ಲಿ ಡೇನಾನ ಪೆನಾಲ್ಟಿ ವ್ಯರ್ಥವಾದಾಗ ಎದುರು ತಂಡದಲ್ಲಿ ಆಡುತ್ತಿದ್ದವನು. ಒಬ್ಬನ ನೋವಿಗೆ ಇನ್ನೊಬ್ಬ ಸಾಕ್ಷಿ. ತೆರೆಯ ಮೇಲೆ ಮೂವರೂ ಒಂದೇ ಬಣ್ಣದ ಅಂಗಿ ತೊಟ್ಟು ಒಂದೇ ಕಡೆ ಆಡುತ್ತಾರೆ. ಪೆನಾಲ್ಟಿಯ ವಿಷಯದಲ್ಲೂ ಅಷ್ಟೆ. ನಿಜಜೀವನದಲ್ಲಿ ಗೋಲಿ ಚೆಂಡು ತಡೆದಾಗ ಡೇನಾನ ಬಾಳು ಕುಸಿಯಿತು. ಚಿತ್ರದಲ್ಲಿ ಗೋಲಿ ಚೆಂಡು ತಡೆದಾಗ ಅವನ ತಂಡ ಕುಣಿದಾಡುತ್ತದೆ.

ಕಥೆಯಲ್ಲಿ ಒಂದು ಘಟ್ಟವಿದೆ. ವಿರಾಮದ ವೇಳೆ ತಪ್ಪಿಸಿಕೊಳ್ಳಲು ನೆಲದಡಿಯಲ್ಲಿ ದಾರಿ ತೋಡಿ ಸಿದ್ಧವಾಗಿರುತ್ತದೆ. ಇಳಿದರೆ ಬಿಡುಗಡೆ. ಆದರೆ ಆಟಗಾರರು ಹಿಂದಿರುಗಿ ಬಂದು ಉಳಿದರ್ಧ ಆಟ ಮುಗಿಸುತ್ತಾರೆ. ವಿಮರ್ಶಕರು ಇದನ್ನು ಸಿನಿಮಾ ಕಲ್ಪನೆ ಎಂದು ತಳ್ಳಿಹಾಕಬಹುದು, ಅದು ತಪ್ಪೂ ಅಲ್ಲ. ನನಗೆ ಮಾತ್ರ ಹೆಚ್ಚು ನಾಟಿದ್ದು ಇನ್ನೊಂದು ದೃಶ್ಯ. ಪೂರ್ವ ಯುರೋಪಿನ ಪ್ರಸಿದ್ಧ ಆಟಗಾರರು ಬೇಕೆಂದು ಕೇಳಿದಾಗ ಜರ್ಮನರು ಅವರನ್ನು ದುಡಿಮೆಯ ಶಿಬಿರಗಳಿಂದ ಕರೆತರುತ್ತಾರೆ. ಬರುವವರು ಮೂಳೆ ಚಕ್ಕಳದ ಮನುಷ್ಯರು, ನಿಲ್ಲಲೂ ಆಗದವರು. ಆಟದ ಸಿನಿಮಾದಲ್ಲಿ ಆಟ ಒಂದು ಕ್ಷಣ ನಿಂತುಹೋಗುತ್ತದೆ. ಆ ತಂಡದಲ್ಲಿ ಷ್ಪೆಂಗಾಫ್ಸ್ಕ್ ಕಾಡಿನ ಮಗ್ಗುಲಲ್ಲಿ ಬೆಳೆದವನು ಒಬ್ಬನೇ, ಡೇನಾ.

ಚಿತ್ರ 1981ರಲ್ಲಿ ಬಿಡುಗಡೆಯಾಯಿತು. ಅದೇ ವರ್ಷ ಆತ ಅಮೆರಿಕದ ಸ್ಯಾನ್ ಡಿಯಾಗೊ ನಗರದ ಸಾಕರ್ಸ್ ತಂಡ ಸೇರಿದ. ಇತ್ತ ಪೋಲೆಂಡಿನಲ್ಲಿ ಡಿಸೆಂಬರ್ 13ರಂದು ಸೈನಿಕ ಕಾನೂನು ಹೇರಿದರು. ಹಿಂದಿನ ವರ್ಷ ಗ್ಡಾನ್ಸ್ಕ್‌ನ ಹಡಗುಕಟ್ಟೆಯಲ್ಲಿ ಹುಟ್ಟಿದ್ದ ‘ಸಾಲಿಡಾರಿಟಿ’ ಚಳವಳಿಯ ಮುಖಂಡರು ಸೆರೆಗೆ ಹೋದರು. ಊರಿಗೆ ಮರಳುವ ದಾರಿ ಇನ್ನೂ ದೂರವಾಯಿತು.

ಅಮೆರಿಕದಲ್ಲಿ ಅವನು ಆಡಿದ್ದು ಹೆಚ್ಚಾಗಿ ಸೂರಿನಡಿಯ ಚಿಕ್ಕ ಅಂಗಳದಲ್ಲಿ. ಸಾಕರ್ಸ್ ತಂಡ ಮತ್ತೆ ಮತ್ತೆ ಗೆದ್ದಿತು. ಬಿಸಿಲು, ಸಮುದ್ರ, ಒಳ್ಳೆಯ ಮನೆ ಎಲ್ಲವೂ ಇದ್ದವು. ಆದರೆ ನಂಬಿದ್ದ ಮಧ್ಯವರ್ತಿಯೊಬ್ಬ ಗಳಿಕೆಯ ಬಹುಭಾಗವನ್ನು ನುಂಗಿಹಾಕಿದ. ಕುಡಿತ ಹಿಡಿಯಿತು. ಕುಡಿದು ಕಾರು ಓಡಿಸಿ ಪೊಲೀಸರ ಕೈಗೆ ಸಿಕ್ಕಿಬಿದ್ದದ್ದೂ ಉಂಟು. ಮನೆಯಲ್ಲಿ ಇಂಥವರೊಬ್ಬರಿದ್ದರೆ ಹೆಂಡತಿ ಮಕ್ಕಳು ಸಂಜೆಯಾದಂತೆ ಬಾಗಿಲ ಕಡೆ ಹೇಗೆ ನೋಡುತ್ತಾರೆಂದು ನಮ್ಮ ಓದುಗರಲ್ಲಿ ಕೆಲವರಿಗಾದರೂ ಹೇಳಿಕೊಡಬೇಕಾಗಿಲ್ಲ. ಆಟ ನಿಲ್ಲಿಸಿದ ಮೇಲೆ ಮಕ್ಕಳಿಗೆ ಫುಟ್ಬಾಲ್ ಕಲಿಸುತ್ತಿದ್ದ.

1989ರ ಸೆಪ್ಟೆಂಬರ್ 1ರ ನಡುರಾತ್ರಿ ಕಳೆದ ಮೇಲೆ, ಸ್ಯಾನ್ ಡಿಯಾಗೊದ ಹೆದ್ದಾರಿಯಲ್ಲಿ ಡೇನಾ ಓಡಿಸುತ್ತಿದ್ದ ಕಾರು ನಿಂತಿದ್ದ ಲಾರಿಗೆ ಹಿಂದಿನಿಂದ ಬಡಿಯಿತು. ಸ್ಥಳದಲ್ಲೇ ಸಾವು. ವಯಸ್ಸು 41.

ಆ ದಿನಾಂಕವನ್ನು ಪೋಲೆಂಡಿನವರು ಮರೆಯಲಾರರು. ಸರಿಯಾಗಿ ಐವತ್ತು ವರ್ಷಗಳ ಹಿಂದೆ, 1939ರ ಸೆಪ್ಟೆಂಬರ್ 1ರಂದು, ಜರ್ಮನ್ ಸೈನ್ಯ ಅವರ ದೇಶದ ಮೇಲೆ ಎರಗಿತ್ತು. ಮೊದಲ ಗುಂಡುಗಳು ಹಾರಿದ್ದು ಗ್ಡಾನ್ಸ್ಕ್ ಬಂದರಿನಲ್ಲಿ, ಡೇನಾನ ಊರಿನ ಕಡೆಯಲ್ಲೇ. ಇನ್ನೊಂದು ಸಂಗತಿಯೂ ಇದೆ. ಅವನು ಸಾಯುವುದಕ್ಕೆ ಎಂಟು ದಿನ ಮುಂಚೆ, ಆಗಸ್ಟ್ 24ರಂದು, ತಾದೆಉಷ್ ಮಜೊವಿಯೆತ್ಸ್ಕಿ ಪೋಲೆಂಡಿನ ಪ್ರಧಾನಿಯಾಗಿದ್ದರು. ಹಲವು ದಶಕಗಳ ನಂತರ ಬಂದ ಕಮ್ಯುನಿಸ್ಟೇತರ ಪ್ರಧಾನಿ, ಕಥೋಲಿಕ ಪತ್ರಿಕೆಯ ಸಂಪಾದಕರಾಗಿದ್ದವರು. ಬೇಲಿ ಬೀಳುತ್ತಿತ್ತು. ಮೂವತ್ತೊಂದರವರೆಗೆ ಅವನನ್ನು ಹಿಡಿದಿಟ್ಟ ವ್ಯವಸ್ಥೆ ಮುರಿದು ಬೀಳುವ ಸದ್ದು ಅವನ ಕಿವಿಗೆ ಬಿದ್ದಿತ್ತೇ?

ಅವನ ಅಂತ್ಯಕ್ರಿಯೆ ಸ್ಯಾನ್ ಡಿಯಾಗೊದಲ್ಲೇ ನಡೆಯಿತು. ಪೋಲೆಂಡಿನಲ್ಲಿ ಮಾತ್ರ ಜನರ ಮನಸ್ಸು ನಿಧಾನವಾಗಿ ತಿರುಗುತ್ತಿತ್ತು. 1994ರಲ್ಲಿ ದೇಶದ ಸಾರ್ವಕಾಲಿಕ ಶ್ರೇಷ್ಠ ಫುಟ್ಬಾಲ್ ಆಟಗಾರ ಯಾರೆಂದು ಅಭಿಮಾನಿಗಳ ಮತ ಕೇಳಿದಾಗ ಅವರು ಆರಿಸಿದ್ದು ಡೇನಾನನ್ನು. ಶಿಳ್ಳೆ ಹಾಕಿದ ಕೆಲವರೂ ಆ ಮತದಾರರಲ್ಲಿ ಇದ್ದಿರಬೇಕು. ಲೆಗಿಯಾ ಕ್ಲಬ್ ಅವನ ಹತ್ತನೆಯ ನಂಬರಿನ ಅಂಗಿಯನ್ನು ಇನ್ನು ಯಾರಿಗೂ ಕೊಡುವುದಿಲ್ಲವೆಂದು ತೀರ್ಮಾನಿಸಿತು.

ಪೋಲೆಂಡ್ ಮತ್ತು ಉಕ್ರೇನ್ ಒಟ್ಟಾಗಿ ಯುರೋ ಕಪ್ ನಡೆಸಿದ 2012ರ ಜೂನ್ ತಿಂಗಳಲ್ಲಿ ಅವನ ಭಸ್ಮದ ಕಲಶವನ್ನು ಅಮೆರಿಕದಿಂದ ತಂದರು. ದಹನ ಮಾಡಿದವರ ಭಸ್ಮವನ್ನು ಹೀಗೆ ಹೂಳಬಹುದೇ ಎಂದು ನಮ್ಮವರು ಕೇಳುವುದುಂಟು. ಧರ್ಮಸಭೆ ಇಂದಿಗೂ ಹೆಚ್ಚು ಬಯಸುವುದು ಭೂಸ್ಥಾಪನೆಯನ್ನೇ; ಆದರೆ 1963ರಿಂದ ದಹನಕ್ಕೂ ಅನುಮತಿಯಿದೆ, ಭಸ್ಮ ಪವಿತ್ರ ಸ್ಥಳದಲ್ಲಿರಬೇಕು ಎನ್ನುತ್ತದೆ. ಡೇನಾನ ಕಲಶವನ್ನು ವಾರ್ಸಾದ ಪೊವೊಂಜ್ಕಿ ಸೈನಿಕ ಸ್ಮಶಾನದಲ್ಲಿ ಇಟ್ಟರು. ಅದೇ ತಿಂಗಳು ಲೆಗಿಯಾ ಕ್ರೀಡಾಂಗಣದ ಮುಂದೆ ಅವನ ಪ್ರತಿಮೆಯನ್ನೂ ನಿಲ್ಲಿಸಿದರು.

ಅದೇ ಪೊವೊಂಜ್ಕಿಯಲ್ಲಿ, ಆರು ವರ್ಷ ಮುಂಚೆ 2006ರಲ್ಲಿ ತೀರಿಕೊಂಡ ಅವನ ತರಬೇತುದಾರ ಗುರ್‌ಸ್ಕಿ ಅವರ ಸಮಾಧಿಯೂ ಇದೆ.